ಹೊರಸುತ್ತಿನ ಕಾಯಿ

"ಈಗ ಯಾರ ಆಟ?"

ಕೋಣೆಯಲ್ಲಿ ಬೇರೆ ಯಾರೂ ಇರಲಿಲ್ಲ. ಆದರೂ ಚೆಲುವಾಜಮ್ಮಣ್ಣಿ ಗಟ್ಟಿಯಾಗಿಯೇ ಕೇಳಿದರು. ಕೇಳಿದ ಮೇಲೆ ತಮಗೇ ನಾಚಿಕೆಯಾಗಿ ಸೆರಗು ಸರಿಮಾಡಿಕೊಂಡರು.

ಎದುರಿಗಿದ್ದ ಗಾಜಿನ ಮಣೆ ಮೆಲ್ಲಗೆ ಬೆಳಗಿತು. ಉದ್ದಕ್ಕೆ ಐದು ಮನೆ, ಅಡ್ಡಕ್ಕೆ ಐದು ಮನೆ. ನಾಲ್ಕು ಬದಿಯ ನಡುಮನೆಗಳಿಗೂ ಎಲ್ಲಕ್ಕೂ ನಡುವಿನ ಮನೆಗೂ ಕತ್ತರಿಗೆರೆ. ಮಗುವಾಗಿದ್ದಾಗ ಅಜ್ಜಿಯ ಮನೆಯ ಕೆಂಪು ನೆಲದ ಮೇಲೆ ಸೀಮೆಸುಣ್ಣದಲ್ಲಿ ಬರೆದುಕೊಳ್ಳುತ್ತಿದ್ದ ಅದೇ ಚೌಕಾಬಾರ. ಮಣೆಯ ಅಂಚಿನಲ್ಲಿ ಹೆಬ್ಬೆರಳಿನಷ್ಟು ಅಗಲದ ಒಂದು ಗುಂಡು ಗಾಜಿತ್ತು. ಅಮ್ಮಣ್ಣಿ ಅದರ ಮೇಲೆ ಬೆರಳೂರಿದರು. ಗಾಜು ಒಂದು ಕ್ಷಣ ಬೆಚ್ಚಗಾಯಿತು. ಮಣೆಯ ಮೇಲೆ ಎರಡು ಸಾಲು ಮೂಡಿದವು: "ಸಂಖ್ಯೆ ತಾಳೆಯಾಯಿತು. ಜೀವ ತಾಳೆಯಾಯಿತು."

ಆಮೇಲೆ ಎದುರು ಬದಿಯಲ್ಲಿ ಹಸಿರು ಕಾಯಿಗಳು ಬಂದು ಕೂತವು. ಅವುಗಳ ಕೆಳಗೆ ಒಂದು ಹೆಸರು: ಕಾಂತರಾಜ ಅರಸ್. ಆ ಹೆಸರಿನವರು ತೀರಿಕೊಂಡು ಬಹಳ ವರ್ಷಗಳಾಗಿದ್ದವು.

ಈ ತಾಳೆ ನೋಡುವ ಪದ್ಧತಿಗೆ ಒಂದು ಹಿನ್ನೆಲೆಯುಂಟು. ಅಂತರ್ಜಾಲದ ಆಟದ ತಾಣಗಳಲ್ಲಿ ಒಂದು ಕಾಲಕ್ಕೆ ಯಾರು ಬೇಕಾದರೂ ಯಾವ ಹೆಸರಿನಲ್ಲಾದರೂ ಆಡಬಹುದಿತ್ತು. ಒಬ್ಬನೇ ಹತ್ತು ಹೆಸರು ಹೊತ್ತು ಬಂದು ಎದುರಾಳಿಯನ್ನು ಸುತ್ತುಗಟ್ಟುತ್ತಿದ್ದ. ಸೋತವನು ಬೇರೆ ಹೆಸರಿನಲ್ಲಿ ಬಂದು ಬೈದು ಹೋಗುತ್ತಿದ್ದ. ಅದನ್ನು ತಡೆಯಲು ಮೊಬೈಲ್ ನಂಬರು ಕಡ್ಡಾಯವಾಯಿತು. ನಂಬರಿಗೆ ಬರುವ ಓಟಿಪಿ ಹೇಳಿದವರಿಗೆ ಮಾತ್ರ ಬಾಗಿಲು. ಅದೂ ಸಾಲದೆಂದು ಕೊನೆಗೆ ನಾಡಿಗನ್ನಡಿ, ಅಂದರೆ ಈ ಗುಂಡು ಗಾಜು, ಬಂತು. ಅದು ಬೆರಳಿನ ಗೆರೆಯನ್ನು ನೋಡುವುದಿಲ್ಲ. ಬೆರಳಿನೊಳಗೆ ಹರಿಯುವ ರಕ್ತದ ಲಯವನ್ನು ಓದುತ್ತದೆ. ಒಬ್ಬರ ಮುಖ ಇನ್ನೊಬ್ಬರನ್ನು ಹೋಲಬಹುದು, ನಾಡಿಯ ನಡಿಗೆ ಹೋಲುವುದಿಲ್ಲ. "ಒಂದು ಸಂಖ್ಯೆ, ಒಂದು ಜೀವ" ಎಂಬುದು ಎಲ್ಲ ಆಟದ ತಾಣಗಳಿಗೂ ಕಾನೂನಾಯಿತು.

ಈ ಕಾನೂನಿನ ಬೆನ್ನೇರಿ ಬಂದದ್ದು ಆಟಬಿಂಬ. ಅದನ್ನು ಕಟ್ಟಿದವನು ಮೈಸೂರಿನ ಯುವ ವಿಜ್ಞಾನಿ ಡಾಕ್ಟರ್ ತನ್ವೀರ್ ಪಾಷ. 'ಕವಡೆಕಟ್ಟೆ' ಎಂಬ ಆಟದ ತಾಣ ಮೊದಲಿನಿಂದಲೂ ಪ್ರತಿಯೊಂದು ನಂಬರಿನ ಪ್ರತಿಯೊಂದು ನಡೆಯನ್ನೂ ಕೂಡಿಟ್ಟಿತ್ತು. ಒಂದು ನಂಬರಿನ ಹಿಂದೆ ಒಬ್ಬನೇ ಮನುಷ್ಯ ಎಂಬುದು ಖಚಿತವಾದರೆ, ಆ ನಡೆಗಳಿಂದ ಅವನು ಆಡುವ ರೀತಿಯನ್ನು ಯಂತ್ರಕ್ಕೆ ಕಲಿಸಬಹುದು. ಎಲ್ಲಿ ಹೆದರುತ್ತಾನೆ, ಎಲ್ಲಿ ಕಾಯುತ್ತಾನೆ, ಯಾವ ಕಾಯಿಯ ಮೇಲೆ ಅವನಿಗೆ ಮಮತೆ, ಎಲ್ಲವನ್ನೂ. ಬಿಂಬಕ್ಕೆ ಮುಖವಿಲ್ಲ, ದನಿಯಿಲ್ಲ. ಆಟ ಮಾತ್ರ ಉಂಟು. ತೀರಿಕೊಂಡವರ ಬಿಂಬವನ್ನಷ್ಟೇ ಮಾಡಬಹುದು, ಬದುಕಿರುವವರದನ್ನು ಮಾಡುವಂತಿಲ್ಲ ಎಂಬ ಕಟ್ಟಳೆಯೂ ಇತ್ತು.

ಅಮ್ಮಣ್ಣಿಗೆ ಬೇಕಾದದ್ದು ಆಟವೇ. ಕಾಂತರಾಜ ಅರಸರು ಲಡಾಖಿನ ಬೆಟ್ಟದ ಮೇಲೆ, ನಕ್ಷತ್ರ ನೋಡುವ ಕೇಂದ್ರವೊಂದರಲ್ಲಿ ಜನರೇಟರು ನೋಡಿಕೊಳ್ಳುವ ಕೆಲಸದಲ್ಲಿದ್ದರು. ಊರಿಗೆ ಬರುತ್ತಿದ್ದುದು ವರ್ಷಕ್ಕೊಮ್ಮೆ. ಅವರದು ಮಾತು ಕಡಿಮೆಯ ಜೀವ. ಫೋನಿನಲ್ಲಿ "ಊಟ ಆಯ್ತಾ" ಎಂದು ಕೇಳಿದರೆ ಮುಂದಿನ ಮಾತಿಗೆ ತಡಕಾಡುವವರು. ಹಾಗಾಗಿ ಗಂಡಹೆಂಡಿರ ಸಂಸಾರವೆಲ್ಲ ಕವಡೆಕಟ್ಟೆಯ ಮೇಲೆಯೇ ನಡೆಯಿತು. ಸಂಜೆ ದೀಪ ಹಚ್ಚಿದ ಮೇಲೆ ಇವರು ಇಲ್ಲಿ, ಅವರು ಅಲ್ಲಿ. ಪ್ರತಿ ನಡೆಯಾದ ಮೇಲೂ ಅವರು ಕೆಳಗಿನ ಪಟ್ಟಿಯಲ್ಲಿ "ನಿನ್ನ ಆಟ" ಎಂದು ಬರೆಯುತ್ತಿದ್ದರು. ಮಣೆಯೇ ಅದನ್ನು ತೋರಿಸುತ್ತಿದ್ದಾಗ ಬರೆಯುವ ಅಗತ್ಯವಿರಲಿಲ್ಲ. ಆದರೂ ಬರೆಯುತ್ತಿದ್ದರು. ರಜೆಗೆ ಬಂದಾಗ ಮಾತ್ರ ಇಬ್ಬರೂ ಕವಡೆ ಮುಟ್ಟುತ್ತಿರಲಿಲ್ಲ. ಎದುರಿಗೇ ಇರುವಾಗ ಆಟವೇಕೆ?

ಹಾಗೆ ಒಂದು ಚಳಿಗಾಲದಲ್ಲಿ, ನಿವೃತ್ತಿ ಹತ್ತಿರವಿದ್ದಾಗಲೇ, ಅವರು ಬೆಟ್ಟದ ಮೇಲೆಯೇ ತೀರಿಹೋದರು. ಆವತ್ತಿನ ಆಟ ಅರ್ಧಕ್ಕೇ ನಿಂತಿತ್ತು.

ಈಗ ಮಣೆ ಬೆಳಗಿತ್ತು. ಅಮ್ಮಣ್ಣಿ ಕವಡೆಗಳನ್ನು ಅಂಗೈಯಲ್ಲಿ ಕುಲುಕಿ ಬಿಟ್ಟರು. ನಾಲ್ಕೂ ಬಾಯಿ ತೆರೆದು ಬಿದ್ದವು. ಚೌಕ! ಕೆಂಪು ಕಾಯಿ ನಡೆಸಿದರು, ಮತ್ತೆ ಹಾಕಿದರು. ಎದುರಿನ ಹಸಿರು ಕಾಯಿ ಎರಡು ಮನೆ ಬಂತು, ನಿಂತಿತು. ಅವರು ಮಣೆಯತ್ತ ಬಾಗಿದರು. "ಬಂದಿರಾ?" ಎಂದರು ಮೆಲ್ಲಗೆ.

ಕೆಂಪು ಕಾಯಿ ಹೊರಸುತ್ತನ್ನು ಮುಗಿಸಿ ಇನ್ನೇನು ಒಳಸುತ್ತಿನ ಬಾಗಿಲಿಗೆ ಬರಬೇಕು. ಅಷ್ಟರಲ್ಲಿ ಹಸಿರು ಕಾಯಿ ಹಿಂದಿನಿಂದ ಬಂದು ಅದನ್ನು ಕಡಿದು ಮೊದಲ ಮನೆಗೆ ಅಟ್ಟಿತು. ಕಡಿದದ್ದೇ ತಡ, ತಾನು ಒಳಸುತ್ತಿಗೆ ನುಗ್ಗಿತು.

ಅಮ್ಮಣ್ಣಿ ಮಣೆಯನ್ನೇ ನೋಡುತ್ತ ಕುಳಿತರು. ಇನ್ನೊಂದು ಕಾಯಿ ಇಟ್ಟರು. ಅದನ್ನೂ ಕಡಿಯಿತು. ಮೂರನೆಯದನ್ನು ಬಾಗಿಲವರೆಗೂ ಬರಲು ಬಿಟ್ಟು, ಅಲ್ಲಿ ಕಡಿಯಿತು. ಆಟ ಮುಗಿಯುವಾಗ ಹಸಿರು ಕಾಯಿಗಳೆಲ್ಲ ನಡುಮನೆ ಸೇರಿ ಹಣ್ಣಾಗಿದ್ದವು. ಇವರದು ಒಂದೂ ಇಲ್ಲ. ಇಷ್ಟು ಸಿಟ್ಟು ಯಜಮಾನರ ಹೊಟ್ಟೆಯೊಳಗೆ ಇತ್ತೇ? ಅದನ್ನು ಯಂತ್ರ ಕಂಡುಹಿಡಿಯಿತೇ?

ಮರುದಿನ ಬೆಳಿಗ್ಗೆ, ಮಣೆ ತಂದಿಟ್ಟು ಹೋಗಿದ್ದ ತನ್ವೀರ್ ಬಂದ.

"ಹೇಗಿತ್ತು ಅಮ್ಮಣ್ಣಿ, ಆಟ?"

"ಇದು ನಮ್ಮ ಯಜಮಾನರಲ್ಲ ಕಣಪ್ಪ."

"ಮೊದಮೊದಲು ಎಲ್ಲರಿಗೂ ಹಾಗನ್ನಿಸುತ್ತೆ. ನಾವು ಮನಸ್ಸಿನಲ್ಲಿ ಇಟ್ಟುಕೊಂಡಿರೋ ಮನುಷ್ಯ ಬೇರೆ, ಇದ್ದ ಮನುಷ್ಯ ಬೇರೆ. ಯಂತ್ರ ಇದ್ದದ್ದನ್ನ ತೋರಿಸುತ್ತೆ."

"ನಾಡಿ ನೋಡ್ತೀಯ, ಔಷಧಿ ಕೊಡಲ್ಲ. ಮೇಲಿಂದ ನನ್ನ ಗಂಡ ಎಂಥೋರು ಅಂತ ನನಗೇ ಪಾಠ. ಚೆನ್ನಾಗಿದೆ ನಿನ್ನ ಡಾಕ್ಟರಿಕೆ!"

ತನ್ವೀರ್ ನಕ್ಕುಬಿಟ್ಟ. ಅಮ್ಮಣ್ಣಿ ನಗಲಿಲ್ಲ.

"ಕೇಳು. ಚೌಕಾಬಾರದಲ್ಲಿ ಎದುರಾಳಿಯ ಒಂದು ಕಾಯನ್ನಾದರೂ ಕಡಿಯದೆ ಯಾರೂ ಒಳಸುತ್ತಿಗೆ ಹೋಗೋ ಹಾಗಿಲ್ಲ. ಅಲ್ವೇ? ನಮ್ಮ ಯಜಮಾನರ ಕಾಯಿ ಒಳಗೆ ಹೋದದ್ದನ್ನ ನಾನು ನೋಡೇ ಇಲ್ಲ. ಹೊರಗೇ ಸುತ್ತುತ್ತಾ ಇರೋದು. 'ಏನ್ರೀ, ಬೀದಿ ಸುತ್ತೋದೇ ಆಯ್ತಲ್ಲ' ಅಂತ ಎಷ್ಟು ಸಲ ಹಂಗಿಸಿದ್ದೀನಿ. ಆಡೋಕೆ ಬರ್ತಿರಲಿಲ್ಲ ಅವರಿಗೆ. ಇದು ನೋಡಿದ್ರೆ ಕಸಾಯಿ ಥರ ಕಡಿಯುತ್ತೆ."

"ಆದರೆ ನಡೆಗಳೆಲ್ಲ ಅವರ ನಂಬರಿನವೇ. ಸರ್ಕಾರದ ದಾಖಲೆಯಲ್ಲಿ ಅವರ ಹೆಸರಿಗೇ ಇತ್ತು. ಓಟಿಪಿ ಒಂದು ಸಲವೂ ತಪ್ಪಿಲ್ಲ." ಅವನು ಕೈಯಲ್ಲಿದ್ದ ಫಲಕದಿಂದ ಹಳೆಯ ನಂಬರನ್ನು ಓದಿ ಹೇಳಿದ.

ಅಮ್ಮಣ್ಣಿ ತಲೆಯೆತ್ತಿದರು. "ಇನ್ನೊಂದ್ಸಲ ಹೇಳು."

ಅವನು ಮತ್ತೆ ಓದಿದ.

"ಅದು ನನ್ನ ಹತ್ತಿರ ಇದ್ದ ನಂಬರು ಕಣಪ್ಪ."

ತನ್ವೀರ್ ಫಲಕದಿಂದ ಕಣ್ಣು ತೆಗೆದ.

ಸಂಗತಿ ಸಣ್ಣದು; ಸಣ್ಣದಾದ್ದರಿಂದಲೇ ಮರೆತುಹೋಗಿತ್ತು. ಅರಸರು ಮೊದಲ ಸಲ ಬೆಟ್ಟ ಹತ್ತಿದಾಗ ಅವರ ಸಿಮ್ಮಿಗೆ ಅಲ್ಲಿ ಸಿಗ್ನಲ್ ಸಿಗಲಿಲ್ಲ. ಹೆಂಡತಿಯದು ಬೇರೆ ಕಂಪನಿಯದು, ಅದಕ್ಕೆ ಸಿಗುತ್ತದೆಂದು ಜೊತೆಯವರು ಹೇಳಿದರು. ಮುಂದಿನ ರಜೆಯಲ್ಲಿ ಅಡುಗೆಮನೆಯ ಕಟ್ಟೆಯ ಮೇಲೆ ಕೂತು, ಕಿವಿಯೋಲೆಯ ಕಡ್ಡಿಯಿಂದ ಎರಡು ಫೋನನ್ನೂ ಬಿಚ್ಚಿ ಸಿಮ್ಮು ಬದಲಾಯಿಸಿಕೊಂಡರು. ದಾಖಲೆಯಲ್ಲಿ ಹೆಸರು ಬದಲಿಸಲು ಇಬ್ಬರೂ ಹೋಗಲಿಲ್ಲ. ಹೋಗಬೇಕೆಂದು ಅನ್ನಿಸಲೂ ಇಲ್ಲ. ಊರಿನಲ್ಲಿ ಗ್ಯಾಸಿನವನಿಂದ ಹಿಡಿದು ಬ್ಯಾಂಕಿನವರೆಗೂ ಮನೆಯ ನಂಬರು ಎಂದರೆ ಯಜಮಾನರ ನಂಬರೇ. ಅದು ಮನೆಯಲ್ಲಿ ಉಳಿದದ್ದೇ ಅನುಕೂಲವಾಯಿತು. ಕವಡೆಕಟ್ಟೆಯ ಮಣೆಯ ಮೇಲೆ ಆಗ ಹೆಸರು ಕಾಣುತ್ತಿರಲಿಲ್ಲ, ಕಾಯಿಯ ಬಣ್ಣ ಮಾತ್ರ. ನಾಡಿಗನ್ನಡಿ ಬಂದು ಎಲ್ಲರಿಗೂ ಹೊಸ ಸಂಖ್ಯೆ ಸಿಗುವ ಹೊತ್ತಿಗೆ ಅರಸರು ಇರಲಿಲ್ಲ.

"ಅಂದರೆ..." ತನ್ವೀರ್ ನಿಧಾನವಾಗಿ ಹೇಳಿದ. "ನಿನ್ನೆ ನಿಮ್ಮ ಎದುರಿಗೆ ಆಡಿದ್ದು ನೀವೇ."

 ಪಕ್ಕದ ಬೀದಿಯ ಮಂಟಪದಿಂದ ಕಾವ್ಯವಾಚನ ಕೇಳುತ್ತಿತ್ತು. ಓದುವವರು ಪದ್ಯದ ನಡುವೆ ಉಸಿರಿಗಾಗಿ ನಿಂತಾಗಲೇ ಕೇಳುವವರಿಗೆ ಅದರ ಅರ್ಥ ಹೊಳೆಯುವುದು. ಅಂಥದೊಂದು ನಿಲುಗಡೆಯಲ್ಲಿ ಅಮ್ಮಣ್ಣಿ ಕೇಳಿದರು: "ಹಾಗಾದ್ರೆ ಅವರ ಆಟ ಎಲ್ಲಿದೆ?"

"ನಿಮ್ಮ ಹೆಸರಿನ ನಂಬರಿನಲ್ಲಿ. ನೀವು ಬದುಕಿದ್ದೀರಲ್ಲ, ಅದಕ್ಕೇ ಯಂತ್ರ ಅದನ್ನ ಮುಟ್ಟಿಲ್ಲ." ಅವನು ಅಲ್ಲಿಯೇ ಕೂತು ಹಳೆಯ ಆಟಗಳನ್ನು ತೆರೆದ. ನೋಡುತ್ತ ಹೋದಂತೆ ಅವನ ಹುಬ್ಬು ಕೂಡಿತು. "ಆಡೋಕೆ ಬರ್ತಿರಲಿಲ್ಲ ಅಂದ್ರಲ್ಲ ಅಮ್ಮಣ್ಣಿ? ಇಲ್ಲಿ ನೋಡಿ. ಮೂರು ಬಿದ್ದಿದೆ, ಮೂರನೇ ಮನೆಯಲ್ಲಿ ನಿಮ್ಮ ಕಾಯಿ ಇದೆ. ಬೇರೆ ಕಾಯಿ ನಡೆಸಿದ್ದಾರೆ. ಇಲ್ಲೂ ಅಷ್ಟೆ. ಕಡಿಯೋ ಅವಕಾಶ ಬಂದಾಗಲೆಲ್ಲ ಬಿಟ್ಟಿದ್ದಾರೆ. ಗೊತ್ತಾಗದೆ ಬಿಟ್ಟವರು ಒಂದೊಂದು ಸಲವಾದರೂ ಅಕಸ್ಮಾತ್ತಾಗಿ ಕಡೀತಾರೆ. ಇವರು ಕಡಿದೇ ಇಲ್ಲ."

ಆಗ ಅಮ್ಮಣ್ಣಿಗೆ ಒಂದು ಸಂಜೆ ನೆನಪಾಯಿತು. ತಮ್ಮ ತಾಯಿ ತೀರಿಕೊಂಡ ವಾರ. ಕಣಿವೆಯ ದಾರಿಯಲ್ಲಿ ಹಿಮ ಬಿದ್ದು ಅರಸರು ಬರಲಾಗಲಿಲ್ಲ. ಬರಲಾರರೆಂದು ಗೊತ್ತಿದ್ದೂ ಅಮ್ಮಣ್ಣಿಗೆ ಸಿಟ್ಟು. ಆ ಸಂಜೆ ಮಣೆಗೆ ಬಂದು, ಒಂದು ಮಾತೂ ಬರೆಯದೆ, ಗಂಡನ ಕಾಯಿಗಳನ್ನು ಒಂದೊಂದಾಗಿ ಕಡಿದರು. ಕಡಿಸಿಕೊಂಡು ಕಡಿಸಿಕೊಂಡು ಅರಸರು ಮತ್ತೆ ಮೊದಲ ಮನೆಯಿಂದ ಹೊರಡುತ್ತಿದ್ದರು. "ನಿನ್ನ ಆಟ" ಎಂದು ಬರೆಯುತ್ತಿದ್ದರು. ಕೊನೆಯಲ್ಲಿ ಒಂದೇ ಒಂದು ಸಾಲು ಹೆಚ್ಚಿಗೆ ಬರೆದಿದ್ದರು: "ನಿನ್ನ ಕಾಯಾದರೂ ಮನೆ ಸೇರಲಿ." ಸೋತವರ ಕುಂಟುನೆಪವೆಂದು ಅಮ್ಮಣ್ಣಿ ಅದಕ್ಕೆ ಉತ್ತರವನ್ನೇ ಕೊಟ್ಟಿರಲಿಲ್ಲ.

"ಅವರ ಬಿಂಬ ಮಾಡಿಕೊಡ್ತೀಯೇನಪ್ಪ?" ಎಂದರು. 

"ಮಾಡ್ತೀನಿ. ಮೇಲಿನವರ ಒಪ್ಪಿಗೆ ಬೇಕು, ಸ್ವಲ್ಪ ದಿನ ಹಿಡಿಯುತ್ತೆ. ನಾನೇ ತರ್ತೀನಿ. ನಿಮಗೆ ಮಾತು ಕೊಟ್ಟಿದ್ದೀನಿ ಅಂದುಕೊಳ್ಳಿ."

ಆ ದಿನಗಳಲ್ಲಿ ಮಣೆ ಮನೆಯಲ್ಲೇ ಉಳಿಯಿತು. ಮೊದಲ ಸಂಜೆ ಅಮ್ಮಣ್ಣಿ ಅದರ ಮೇಲೆ ಒಂದು ಟವಲು ಮುಚ್ಚಿದರು. ಎರಡನೆಯ ಸಂಜೆ ದೀಪ ಹಚ್ಚಿದ ಮೇಲೆ ಕೈ ಸುಮ್ಮನಿರಲಿಲ್ಲ. ಟವಲು ತೆಗೆದು ಬೆರಳೂರಿದರು. ಹಸಿರು ಕಾಯಿ ಬಂತು, ಕಡಿಯಿತು. ಅವರಿಗೆ ಈ ಸಲ ನೋವಾಗಲಿಲ್ಲ. ತಮ್ಮ ಹಳೆಯ ಸಿಟ್ಟಿನ ಗುರುತು ಹಿಡಿದು ನಕ್ಕರು. "ಅಯ್ಯೋ ಹುಡುಗಿ, ಎಷ್ಟು ಬಿರುಸೇ ನೀನು!" ಎಂದರು.

ಹಾಗೆ ಆಡುತ್ತ ಆಡುತ್ತ ಅವರಿಗೊಂದು ಹೊಳೆಯಿತು. ತಾವು ಕೂತಿದ್ದುದು ತಮ್ಮ ಜಾಗದಲ್ಲಲ್ಲ, ಗಂಡನ ಜಾಗದಲ್ಲಿ. ಬೆಟ್ಟದ ಮೇಲೆ ಸ್ವೆಟರಿನ ಮೇಲೆ ಸ್ವೆಟರು ಹಾಕಿಕೊಂಡು, ಜನರೇಟರಿನ ಸದ್ದಿನ ಪಕ್ಕದಲ್ಲಿ ಕೂತು, ಕಾಂತರಾಜ ಅರಸರು ಸಂಜೆ ಸಂಜೆಯೂ ನೋಡುತ್ತಿದ್ದುದು ಇದನ್ನೇ: ದೂರದಲ್ಲಿ ಒಬ್ಬಳು ಹೆಂಗಸು, ಒಂಟಿಯಾಗಿ, ಸಿಟ್ಟಿನಿಂದ, ಒಂದು ದಿನವೂ ತಪ್ಪಿಸದೆ ಆಡಲು ಬರುತ್ತಿರುವುದು. ಕಡಿಯುವುದೇ ಅವಳಿಗೆ ಗೊತ್ತಿದ್ದ, ಗಂಡನನ್ನು ಕರೆಯುವ ರೀತಿ. ಅದು ಅವರಿಗೆ ತಿಳಿದಿತ್ತು.

ಒಂದು ಸಂಜೆ ಅಮ್ಮಣ್ಣಿಗೆ ಎರಡು ಬಿತ್ತು. ಎರಡನೆಯ ಮನೆಯಲ್ಲಿ ಹಸಿರು ಕಾಯಿ ಇತ್ತು. ಕಡಿದರೆ ತಮಗೆ ಒಳಸುತ್ತಿನ ಬಾಗಿಲು ತೆರೆಯುತ್ತದೆ. ಅವರ ಕೈ ಒಂದು ಗಳಿಗೆ ತಡೆಯಿತು. ಬೇರೊಂದು ಕಾಯನ್ನು ಎರಡು ಮನೆ ನಡೆಸಿದರು. "ನಿನ್ನ ಆಟ" ಎಂದರು, ಬಾಯಿಬಿಟ್ಟು.

ಒಪ್ಪಿಗೆ ಸಿಕ್ಕಿದ ದಿನ ತನ್ವೀರ್ ಮೈಸೂರುಪಾಕಿನ ಪೊಟ್ಟಣ ಹಿಡಿದುಕೊಂಡೇ ಬಂದ. ಮಣೆಯ ಮೇಲೆ ಕೆಂಪು ಕಾಯಿಗಳು ಹೊರಸುತ್ತಿನಲ್ಲೇ ಇದ್ದುದನ್ನು ಅವನು ಗಮನಿಸಲಿಲ್ಲ.

"ಎಲ್ಲ ಆಯ್ತು ಅಮ್ಮಣ್ಣಿ. ನಿಮ್ಮ ಹೆಸರಲ್ಲಿದ್ದ ಹಳೇ ನಂಬರು 'ನಾನು ಬಳಸಿದ್ದಲ್ಲ, ಯಜಮಾನರು ಬಳಸಿದ್ದು' ಅಂತ ನಾಡಿಗನ್ನಡಿಯ ಮೇಲೆ ಒಂದು ಸಲ ಬೆರಳಿಟ್ಟರೆ ಸಾಕು. ಇವತ್ತು ಸಂಜೆಯೇ ಅವರು ನಿಮ್ಮ ಎದುರಿಗಿರ್ತಾರೆ."

"ಇವಳು?"

"ಯಾರು?"

ಅಮ್ಮಣ್ಣಿ ಹಸಿರು ಕಾಯಿಗಳನ್ನು ತೋರಿಸಿದರು.

"ಅದು ಅಳಿಸಿಹೋಗುತ್ತೆ. ಬದುಕಿರೋರ ಬಿಂಬ ಇಟ್ಟುಕೊಳ್ಳೋ ಹಾಗಿಲ್ಲವಲ್ಲ. ಅದು ತಪ್ಪಾಗಿ ಹುಟ್ಟಿದ್ದು ತಾನೇ?"

"ಅವರು ಬಂದು ಎದುರಿಗೆ ಕೂತರೆ, ನಾನು ಮತ್ತೆ ನನ್ನ ಜಾಗಕ್ಕೆ ಹೋಗಬೇಕು ಅಲ್ವೇನಪ್ಪ?"

"ನಿಮಗೆ ಬೇಕಾದದ್ದು ಅದೇ ಅಲ್ವಾ?"

"ಬೇಕಾಗಿತ್ತು. ಈಗಲೂ ಬೇಕು, ಇಲ್ಲ ಅನ್ನಲ್ಲ. ರಾತ್ರಿ ಮಲಗಿದ್ರೂ ಅದೇ." ಅಮ್ಮಣ್ಣಿ ಕವಡೆಗಳನ್ನು ಅಂಗೈಯಲ್ಲಿ ಉರುಳಿಸುತ್ತಿದ್ದರು. "ಆದರೆ ಅಷ್ಟು ವರ್ಷ ಎದುರಿಗೇ ಕೂತಿದ್ದರಲ್ಲ ತನ್ವೀರ್, ನನಗೆ ಕಂಡರೇನು? ಅವರ ಜಾಗದಲ್ಲಿ ಕೂತ ಮೇಲೆ ಕಂಡರು. ಇವಳು ಹೋದರೆ ಆ ಜಾಗವೂ ಹೋಗುತ್ತೆ."

ತನ್ವೀರ್ ಪೊಟ್ಟಣವನ್ನು ಕೆಳಗಿಟ್ಟ. ಅವನ ಯಂತ್ರದಲ್ಲಿ ಇಂಥದೊಂದು ಲೆಕ್ಕಕ್ಕೆ ಜಾಗವಿರಲಿಲ್ಲ. ಬಿಂಬ ನಿಜವಾಗಿದ್ದರೆ ಸಮಾಧಾನ, ಸುಳ್ಳಾಗಿದ್ದರೆ ದುಃಖ ಎಂದು ಅವನು ಅಂದುಕೊಂಡಿದ್ದ.

"ಅಮ್ಮಣ್ಣಿ, ಒಂದು ಮಾತು," ಎಂದ ಕೊನೆಗೆ. ದನಿಯಲ್ಲಿ ವಿಜ್ಞಾನಿಯ ಬಿಗಿ ಉಳಿದಿರಲಿಲ್ಲ. "ಇಂಥ ಒಂದು ತಪ್ಪು ಬಿಂಬ ಉಳಿದರೂ ನನ್ನ ಕೆಲಸವೆಲ್ಲ ತಪ್ಪು ಅಂತಾರೆ. ನೀವು ಬೆರಳಿಡದೆ ಅದನ್ನ ಅಳಿಸೋಕೆ ನನಗೂ ಅಧಿಕಾರ ಇಲ್ಲ. ಅರಸರ ಆಟವಂತೂ ನಾನು ನೋಡಿದ್ದೀನಿ, ಅಂಥ ಆಟ ಇನ್ನೊಂದಿಲ್ಲ. ಅದು ಬೆಳಕಿಗೆ ಬರಲಿ. ದಯವಿಟ್ಟು ಬೆರಳಿಡಿ."

ಗುಂಡು ಗಾಜು ಬೆಳಗುತ್ತ ಕಾಯುತ್ತಿತ್ತು. ಅಮ್ಮಣ್ಣಿ ಅದನ್ನು ನೋಡಿದರು, ಹೊರಸುತ್ತಿನಲ್ಲಿ ನಿಂತಿದ್ದ ತಮ್ಮ ಕಾಯಿಗಳನ್ನು ನೋಡಿದರು. ಆಮೇಲೆ ಕವಡೆ ಹಿಡಿದಿದ್ದ ಕೈಯನ್ನು ಸೆರಗಿನೊಳಗೆ ಎಳೆದುಕೊಂಡರು.

"ಇಡೋದಿಲ್ಲ ಕಣಪ್ಪ."