ಟೀವಿಯೊಳಗೆ ನಿಂತಿದ್ದ ಹುಡುಗ

ಮಠಕ್ಕೆ ಹೋಗಿದ್ದ ಸುಕನ್ಯಾ ಮನೆಗೆ ಬಂದಾಗ ಹಿತ್ತಿಲ ಬಾಗಿಲು ತೆರೆದಿತ್ತು. ಟ್ರಂಕಿನಲ್ಲಿ ಬಂಗಾರ ಇತ್ತು. ಟೀವಿ ಇತ್ತು. ಟೀವಿಯ ಕೆಳಗಿನ ಹಳೆಯ ಆಟದ ಯಂತ್ರವೂ ಇತ್ತು. ಅದರ ನೆತ್ತಿಗೆ ಸಿಕ್ಕಿಸಿದ್ದ ಅಂಗೈಯಗಲದ ಡಬ್ಬಿ ಮಾತ್ರ ಇರಲಿಲ್ಲ. ಆಕೆ ಕಿರುಚಿದ್ದು ಗೋಪನಕೊಪ್ಪದ ಆ ಓಣಿಯ ಕಡೆಯ ಮನೆಗೂ ಕೇಳಿಸಿತಂತೆ.

ಅದು 1999ರ ದಸರೆ, ಆಯುಧಗಳನ್ನು ಪೂಜಿಸುವ ಖಂಡೇ ಪೂಜೆಯ ದಿನ. ನಾನು ಮೈಲಾರಿ, ಹೆಡ್ ಕಾನ್ಸ್‌ಟೇಬಲ್. ಬೆಳಿಗ್ಗೆಯಿಂದ ಠಾಣೆಯ ಬಂದೂಕುಗಳನ್ನು ಬಿಚ್ಚಿ, ಚಿಮಣಿ ಎಣ್ಣೆಯಿಂದ, ಅಂದರೆ ಸೀಮೆಎಣ್ಣೆಯಿಂದ, ಒರೆಸಿ, ಕುಂಕುಮವಿಟ್ಟು ಪೂಜೆ ಮುಗಿಸಿದ್ದೆ. ಇನ್ನೇನು ಮನೆಗೆ ಹೋಗಿ ಹೋಳಿಗೆಗೆ ಕೂಡಬೇಕು, ಅಷ್ಟರಲ್ಲಿ ಆಟಿಕೆ ಕಳವಾಗಿದೆಯಂತೆ, ನಡೆಯಿರಿ ಎಂದರು. ಯಾರಿಗೆ ಸಿಟ್ಟು ಬರುವುದಿಲ್ಲ ಹೇಳಿ. ದಾರಿಯುದ್ದಕ್ಕೂ ಗೊಣಗಿದೆ. ಜೀಪಿನಲ್ಲಿ ಕೂತಿದ್ದ ಸಬ್ ಇನ್ಸ್‌ಪೆಕ್ಟರ್ ಕಾವೇರಿ ಮೇಡಂ ತುಟಿ ಬಿಚ್ಚಲಿಲ್ಲ. ಅವರ ಸ್ವಭಾವವೇ ಅದು. ನಾವೆಲ್ಲ ಬಾಯಿ ನೋಯುವಷ್ಟು ಮಾತಾಡಬೇಕು, ಅವರು ಕೊನೆಗೆ ಎರಡು ಮಾತು ಆಡಬೇಕು.

"ಏನ್ ಡಬ್ಬಿರಿ ಅದು?" ಮೇಡಂ ಕೇಳಿದರು.

"ನಮ್ಮ ಮಗ ಸಿದ್ಧಾರೂಢಂದರಿ," ಎಂದಳು ಸುಕನ್ಯಾ. "ಕೈಯಾಗ ಹಿಡದ ಆಡೂದೊಂದ ಸಣ್ಣ ಯಂತ್ರ ಇತ್ತು ಅವನ ಹಂತ್ಯಾಕ. ಅದರ ಪಡದೆ ಸಣ್ಣದು, ಕಣ್ಣ ಹಾಳಾಗತಾವಂತ ನಮ್ಮಣ್ಣ ವಾಸ್ಕೋದಾಗ ಹಡಗದವರ ಕಡಿಂದ ಈ ಡಬ್ಬಿ ತಂದಕೊಟ್ಟಿದ್ದ. ಕೈಯಾಗಿನ ಆಟದ ಕ್ಯಾಸೆಟ್ ಇದರಾಗ ಹಾಕಿದ್ರ ಟೀವ್ಯಾಗ ಬರತಿತ್ತು. ಕ್ಯಾಸೆಟ್ಟೂ ಅದರಾಗ ಇತ್ತರಿ."

"ಹುಡುಗ ಎಲ್ಲ್ಯದಾನ?" ಎಂದೆ ನಾನು. ದಡ್ಡ. ಗೋಡೆಯ ಮೇಲೆ ಮಾಲೆ ಹಾಕಿದ ಫೋಟೋ ನನ್ನ ಎದುರಿಗೇ ಇತ್ತು.

"ಬ್ಯಾಸಿಗ್ಯಾಗ ಹೋದನ್ರಿ. ಕಾಮಣಿ ಬ್ಯಾನಿ ಆಗಿತ್ತು." ಆಕೆ ಸೆರಗಿನಿಂದ ಬಾಯಿ ಒರೆಸಿಕೊಂಡಳು. "ಕೈಯಾಗಿನ ಯಂತ್ರ ಅವನ ಕೂಡನ ಮಣ್ಣಾಗ ಇಟ್ಟೇವಿ. ಕ್ಯಾಸೆಟ್ಟೊಂದ ಟೀವ್ಯಾಗ ಉಳೀತು. ಆಟದಾಗಿನ ಹುಡುಗಗ ತನ್ನ ಹೆಸರ ಇಟ್ಟಾನ. ನಾ ದಿನಾ ಮಧ್ಯಾಹ್ನ ಹಚ್ಚಿ ಕುಂದರತೇನಿ. ಏನೂ ಆಡಂಗಿಲ್ಲ. ಸುಮ್ನ ನೋಡತೇನಿ."

ಆಮೇಲೆ ಮೇಡಂ ಕಡೆ ವಾಲಿ ದನಿ ಇಳಿಸಿದಳು.

"ಬಾಯಾರ, ಅಂವಾ ನಿಂತಲ್ಲೆ ನಿಂದ್ರಂಗಿಲ್ರಿ. ಒಂದಿನಾ ಬಾವಿ ಕಡೆ ಇರತಾನ. ಮರದಿನಾ ಗಿಡದ ಬುಡಕ. ನಾ ಯಾರ ಮುಂದನೂ ಹೇಳಿಲ್ಲ. ನನ್ನ ಮಗಾ ಬಂದ ಹೋಗತಾನರಿ ಅದರಾಗ. ಬಂಗಾರ ಬೇಕಾರ ಒಯ್ಯಲಿ. ಅದನ್ನೊಂದ ತಂದಕೊಡ್ರಿ."

ನನ್ನ ಹೋಳಿಗೆಯ ಸಿಟ್ಟು ಅಲ್ಲಿಗೇ ಇಳಿಯಿತು.

ಗಂಡ ಹುಚ್ಚಪ್ಪ ಹಿತ್ತಿಲಲ್ಲಿ ಗೋಡೆಗೆ ಒರಗಿ ನಿಂತಿದ್ದ, ಮೇಡಂ ಕರೆದಾಗ ಹತ್ತಿರ ಬಂದ. ರೈಲ್ವೆ ವರ್ಕ್‌ಶಾಪಿನಲ್ಲಿ ಫಿಟ್ಟರ್. ಆಕೆ ಮಠಕ್ಕೆ ಹೋದ ಮೇಲೆ ತಾನೂ ಕೀಲಿ ಹಾಕಿಕೊಂಡು ಪೇಟೆಗೆ ಹೋಗಿದ್ದನಂತೆ.

"ಆ ಆಟದ ಬಗ್ಗೆ ನಿಮಗೇನ್ ಗೊತ್ತು?" ಮೇಡಂ ಕೇಳಿದರು.

"ಏನೂ ಗೊತ್ತಿಲ್ರಿ. ಟೀವ್ಯಾಗ ನಾ ಒಂದ ಸಲಾನೂ ನೋಡಿಲ್ಲ. ದವಾಖಾನ್ಯಾಗ ಅವನ ಕೈಯಾಗ ಕಂಡಿದ್ದೆ, ಅಷ್ಟ. ಕೆಂಪ ಟೊಪಗಿ ಹಾಕ್ಕೊಂಡ ಒಂದ ಹುಡುಗ ತಿರಗತಿರತಾನ."

"ಹೆಂಡ್ತಿ ಏನರ ಹೇಳತಿದ್ರೇನು?"

"ಇಲ್ರಿ. ಅದರ ಮಾತ ಎತ್ತಿದ್ರ ನಮ್ಮಿಬ್ಬರದೂ ಜಗಳನ. ತಗದ ಇಡು ಅಂತ ನಾ ಬೈತಿದ್ದೆ."

ಮೇಡಂ ಹಿತ್ತಿಲ ಬಾಗಿಲು ನೋಡಿದರು. ಬೀಗ ಹಾಗೆಯೇ ಜೋತುಬಿದ್ದಿತ್ತು. ಕಳ್ಳ ಬೀಗ ಮುರಿದಿರಲಿಲ್ಲ. ಬೀಗದ ಕೊಂಡಿಯ ಸ್ಕ್ರೂಗಳನ್ನೇ ಬಿಚ್ಚಿ, ಕಿಟಕಿಯ ಕಟ್ಟೆಯ ಮೇಲೆ ಒತ್ತಟ್ಟಿಗೆ ಇಟ್ಟಿದ್ದ. ಬಾಗಿಲ ಬಣ್ಣಕ್ಕೆ ಒಂದು ಗೀರೂ ಇಲ್ಲ.

"ಭಾಳ ಮರ್ಯಾದಸ್ಥ ಕಳ್ಳ," ಎಂದೆ.

ಮೇಡಂ ನಗಲಿಲ್ಲ. "ಯಾರ ಮ್ಯಾಲರ ಸಂಶೆ ಐತೇನ್ರಿ?" ಎಂದು ಸುಕನ್ಯಾಳನ್ನು ಕೇಳಿದರು.

"ವಿಡಿಯೋ ಗೇಮಿನ ಗೌಸಮೊದ್ದೀನ. ಆ ಡಬ್ಬಿ ಮಾರ್ರಿ ಅಂತ ಮನಿತನಾ ಬಂದಿದ್ದ."

*

ಗೌಸಮೊದ್ದೀನನ ಅಂಗಡಿ ದುರ್ಗದ ಬೈಲಿನ ಹಿಂದಿನ ಸಂದಿಯಲ್ಲಿತ್ತು. ಒಳಗೆ ಕಾಲಿಟ್ಟೆವೋ ಇಲ್ಲವೋ, ಮೇಜಿನ ಮೇಲೆ ಅಂಗೈಯಗಲದ ಡಬ್ಬಿ. ಸುಕನ್ಯಾ ಹೇಳಿದ್ದಂಥದ್ದೇ. ನಾನು ಹಿಂದುಮುಂದು ನೋಡಲಿಲ್ಲ. ಅವನ ಕಾಲರ್ ಹಿಡಿದೆ.

"ಸತ್ತ ಹುಡುಗನ ಸಾಮಾನ ಕದಿಯಾಕ ನಾಚಿಕಿ ಆಗಲಿಲ್ಲೇನಲೇ ನಿನಗ?"

"ಬಿಡ್ರಿ ಮೈಲಾರಿ," ಎಂದರು ಮೇಡಂ. ಡಬ್ಬಿಯನ್ನು ತಿರುಗಿಸಿ ತೋರಿಸಿದರು. ಸುಕನ್ಯಾಳ ಡಬ್ಬಿಯ ಹಿಂದೆ ಹುಡುಗ ಕೈವಾರದ ಮುಳ್ಳಿನಿಂದ ತನ್ನ ಹೆಸರು ಕೆತ್ತಿದ್ದನಂತೆ. ಇದರ ಹಿಂದೆ ಏನೂ ಇರಲಿಲ್ಲ.

"ನಾ ಹೋದ ವಾರ ಗೋವಾದಿಂದ ತರಿಸಿದ್ದರಿ ಇದು," ಎಂದ ಗೌಸಮೊದ್ದೀನ. "ನನ್ನ ಹಂತ್ಯಾಕ ಇದ್ದ ಮ್ಯಾಲ ಅವರದ ಯಾಕ ಕದೀಲಿ? ಸಿದ್ದು ಇದ ಬಾಕಿನ ಮ್ಯಾಲ ಕುಂತ ದೊಡ್ಡವ ಆದನ್ರಿ ಸಾಹೇಬ್ರ. ಅವನ ಮಣ್ಣಿಗೂ ಹೋಗಿದ್ದೆ ನಾ."

ಕಾಲರ್ ಬಿಟ್ಟೆ. ಬಿಟ್ಟ ಕೈಯನ್ನು ಎಲ್ಲಿಡಬೇಕೋ ತಿಳಿಯಲಿಲ್ಲ.

ಮೇಡಂ ಬಾಕಿನ ಮೇಲೆ ಕೂತರು. "ಕೈಯಾಗಿಂದು ಟೀವ್ಯಾಗ ಹೆಂಗ ಬರತೈತಿ, ತೋರಸ್ರಿ."

ಅವನು ಮೊದಲು ಕೈಯಲ್ಲಿ ಹಿಡಿಯುವ ಯಂತ್ರಕ್ಕೆ ಒಂದು ಕ್ಯಾಸೆಟ್ ಹಾಕಿದ. ಸಣ್ಣ ಪರದೆಯ ಮೇಲೆ ಎಲ್ಲವೂ ಬೂದಿ ಬಣ್ಣ. ಮನುಷ್ಯರೂ ಬೂದಿ, ಮರವೂ ಬೂದಿ. ಅದೇ ಕ್ಯಾಸೆಟ್ಟನ್ನು ಡಬ್ಬಿಗೆ ಸಿಕ್ಕಿಸಿ ಟೀವಿ ಹಚ್ಚಿದ. ಹಸಿರು ಹೊಲ ಬಂತು. ನೀಲಿ ಹೊಳೆ ಬಂತು.

"ಬಣ್ಣ ಬರೂದು ಈ ಡಬ್ಬಿಲೇರಿ. ಕೈಯಾಗಿನದರಾಗ ಬಣ್ಣ ಇಲ್ಲ."

"ಗುಂಡಿ ಒತ್ತದ ಒಳಗಿನ ಹುಡುಗ ತಾನ ಜಾಗಾ ಬಿಟ್ಟ ಹೋಗತಾನೇನು?"

"ಎಲ್ಲೀದ್ರಿ. ಯಾರರ ನಡಸಬೇಕು. ಆಮ್ಯಾಲ ಇದೊಂದ ಗುಂಡಿ ಒತ್ತಿದ್ರ, ಎಲ್ಲಿ ಬಿಟ್ಟಿರಿ ಅಲ್ಲೇ ನಿಂತಿರತಾನ."

"ಆ ನೆನಪ ಎಲ್ಲಿರತೈತಿ?"

"ಕ್ಯಾಸೆಟ್ಟಿನ ಹೊಟ್ಟ್ಯಾಗ ಒಂದ ಸೆಲ್ ಐತ್ರಿ. ಅದನ್ನ ಕಿತ್ತಿದ್ರ ಎಲ್ಲಾ ಅಳಿಸಿ ಹೋಗತೈತಿ. ಸೆಲ್ ಒಂದಿನಾ ಸಾಯೂದ. ಅಕ್ಕಾರಿಗೆ ಹೇಳಬೇಕಂತ ಹೋಗಿದ್ದೆ, ಬಾಯಿ ಬರಲಿಲ್ಲ. ಡಬ್ಬಿ ಮಾರತೀರೇನು ಅಂತ ಏನೇನೋ ಕೇಳಿ ಬಂದ್ಯಾ."

ಮೇಡಂ ಎದ್ದರು. "ಮೈಲಾರಿ, ಕಳ್ಳ ಆ ಮನ್ಯಾಗ ಅದಾನ. ನಡೀರಿ."

*

ನಾವು ಬಂದಾಗ ಹುಚ್ಚಪ್ಪ ಹಿತ್ತಿಲಲ್ಲಿ ಕೊಂಡಿಯನ್ನು ಮತ್ತೆ ಕೂಡಿಸುತ್ತಿದ್ದ. ಮೇಡಂ ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕೂತರು.

"ಹುಚ್ಚಪ್ಪನವರ, ನಿಮ್ಮ ಹತಾರದ ಪೆಟ್ಟಿಗಿ ತೋರಸ್ರಿ."

ಅವನ ಕೈ ನಿಂತಿತು. ಪೆಟ್ಟಿಗೆಯನ್ನು ನಾನೇ ತಂದು ಮುಚ್ಚಳ ತೆಗೆದೆ. ಸುತ್ತಿಗೆ, ಅರ, ಪಾನಾ, ಎಲ್ಲವೂ ಫಳಫಳ ಹೊಳೆಯುತ್ತಿದ್ದವು. ಒಂದೊಂದರ ಮೇಲೂ ಕುಂಕುಮ.

"ಈ ವರ್ಷ ನಿಮ್ಮ ಮನ್ಯಾಗ ಹಬ್ಬ ಇಲ್ಲಲ್ರಿ?"

"ಇಲ್ರಿ. ಸಾವಿನ ಮನಿ."

"ಮತ್ತ ಹತಾರಕ್ಕ ಪೂಜಾ ಮಾಡೀರಿ. ಆಗಳೆ ನೀವು ಹಂತ್ಯಾಕ ಬಂದಾಗ ನಮ್ಮ ಮೈಲಾರಿಯವರ ಕೈಯಾಗಿನ ವಾಸನಿನ ನಿಮ್ಮ ಕೈಯಾಗೂ ಬರಾಕತ್ತಿತ್ತು, ಚಿಮಣಿ ಎಣ್ಣೀದು. ಕಳ್ಳ ಆದಂವಾ ಕೊಂಡಿ ಕಿತ್ತ ಒಗೀತಾನ. ಸ್ಕ್ರೂ ಬಿಚ್ಚಿ ಒತ್ತಟ್ಟಿಗೆ ಇಡೂದು ಫಿಟ್ಟರ್ ಕೈ. ಮತ್ತ ಆ ಹುಡುಗನ ಟೊಪಗಿ ಕೆಂಪ ಐತಿ ಅಂದ್ರಿ. ಕೈಯಾಗಿನ ಯಂತ್ರದಾಗ ಕೆಂಪಿಲ್ಲ. ಅದು ಟೀವ್ಯಾಗ ನೋಡಿದವರಿಗಷ್ಟ ಗೊತ್ತು. ನಿಮ್ಮ ಮನಿಯವರು ಅವನ್ನ ನಡಸಂಗಿಲ್ಲ. ಆದ್ರ ಅಂವಾ ದಿನಾ ಜಾಗಾ ಬದಲ ಮಾಡತಾನ. ಈ ಮನ್ಯಾಗ ಇನ್ನ್ಯಾರದಾರರಿ?"

ಹುಚ್ಚಪ್ಪ ಪೆಟ್ಟಿಗೆಯ ತಳಕ್ಕೆ ಕೈ ಹಾಕಿದ. ಹಳೆಯ ಅಂಗಿಯಲ್ಲಿ ಸುತ್ತಿದ್ದ ಡಬ್ಬಿಯನ್ನು ಹೊರಗೆ ತೆಗೆದ. ಕ್ಯಾಸೆಟ್ಟಿನ ಮೇಲೂ ಕುಂಕುಮ ಇತ್ತು.

"ವರ್ಷಾ ಖಂಡೇ ಪೂಜಾಕ್ಕ ಸಿದ್ದು ಇದನ್ನ ನನ್ನ ಸುತಗಿ ಬಾಜೂಕ ಇಡತಿದ್ದರಿ. ಅಪ್ಪಾ, ಇದು ನನ್ನ ಹತಾರ, ಅಂತಿದ್ದ. ಹಬ್ಬ ಇರಲಿ ಬಿಡಲಿ, ಈ ಸಲಾನೂ ಇಡಬೇಕನಿಸ್ತು. ಆಕಿ ಮಠಕ್ಕ ಹೋದ ಕೂಡ್ಲೆ ತಗದೆ. ಪೂಜಾಕ್ಕ ಹೊಲಸ ಹತಾರ ಇಡಬಾರದಲ್ರಿ? ಬಿಚ್ಚಿ ಒರಸಿನ ಇಡೂದು. ಇದನ್ನೂ ಬಿಚ್ಚಿದೆ. ಸೆಲ್ಲಿಗೆ ಬಿಳೆ ಬೂಸರ ಹತ್ತಿತ್ತು. ಕಿತ್ತಿ, ಛಲೋ ಒರಸಿ, ಮತ್ತ ಬೆಸಿಗಿ ಹಾಕಿದೆ. ಕುಂಕುಮ ಹಚ್ಚಿದೆ. ಟೀವ್ಯಾಗ ಹಾಕಿ ನೋಡಿದ್ರ..."

ಅವನು ಹೆಬ್ಬೆರಳಿನಿಂದ ಕ್ಯಾಸೆಟ್ಟಿನ ಕುಂಕುಮ ಒರೆಸಿದ.

"ಹೆಸರ ಕೇಳಾಕತ್ತಿತ್ತರಿ. ಹೊಸಬರನ್ನ ಕೇಳಿದಂಗ, ನಿನ್ನ ಹೆಸರೇನು ಅಂತ."

ನಾನು ಆಚೆ ನೋಡಿದೆ. ಅದೇ ಬೆಳಿಗ್ಗೆ ನಾನೂ ಬಂದೂಕು ಬಿಚ್ಚಿ ಒರೆಸಿದ್ದೆನಲ್ಲ. ಅವನ ಜಾಗದಲ್ಲಿ ನಾನಿದ್ದರೂ ಅದನ್ನೇ ಮಾಡುತ್ತಿದ್ದೆ.

"ಕಳುವಾತಂದ್ರ ಎಲ್ಲೋ ಒಂದ ಕಡೆ ಅದಾನಂತ ಆಕಿ ಜೀವಾ ಹಿಡದಿರತಾಳ. ನನ್ನ ಕೈಲೆ ಅಳಿಸಿದೆ ಅಂತ ಹೆಂಗ ಹೇಳಲ್ರಿ ಬಾಯಾರ? ಅವನ್ನ ಎರಡ ಸಲ ಮಣ್ಣ ಮಾಡಿದಂಗಲ್ರಿ?"

"ನನಗ ಹೇಳಬೇಕಿಲ್ಲ?"

ಸುಕನ್ಯಾ ಬಾಗಿಲಲ್ಲಿ ನಿಂತಿದ್ದಳು. ಎಷ್ಟು ಹೊತ್ತಿನಿಂದ ನಿಂತಿದ್ದಳೋ. ಬಂದು ಗಂಡನ ಎದುರು ನೆಲಕ್ಕೆ ಕೂತಳು. ಡಬ್ಬಿಯನ್ನು ಮುಟ್ಟಲಿಲ್ಲ.

"ಅವನ್ನ ನಡಸತಿದ್ದವರು ನೀವ?"

"ಹೂಂ. ಮುಂಜಾನಿ, ನೀ ನಳಕ್ಕ ಹೋದಾಗ. ನಡಸೂದು ಸಿದ್ದೂನ ಕಲಿಸಿದ್ದ, ದವಾಖಾನ್ಯಾಗ."

"ನಾನ ಹುಚ್ಚಿ. ಅವನ ಬರತಾನಂತ ತಿಳದಿದ್ದೆ." ಆಕೆಯ ದನಿಯಲ್ಲಿ ಸಿಟ್ಟಿರಲಿಲ್ಲ. ಅದಕ್ಕಿಂತ ಕೆಟ್ಟದೇನೋ ಇತ್ತು. "ಮತ್ತ ನಾ ನೋಡಿದ್ರ ಯಾಕ ಬೈತಿದ್ರಿ?"

"ನೀ ಅತ್ತರ ನನಗ ತಡಿಯಾಕ ಆಗತಿದ್ದಿಲ್ಲ."

ಮೇಡಂ ಎದ್ದು, ದೂರು ಇಲ್ಲ ಬಿಡಿ ಎಂಬಂತೆ ನನಗೆ ತಲೆಯಾಡಿಸಿದರು. ಹೊರಡಬೇಕು, ಅಷ್ಟರಲ್ಲಿ ಸುಕನ್ಯಾ ಮತ್ತೆ ಕೇಳಿದಳು.

"ಕಡೀಗೆ ಎಲ್ಲಿ ನಿಂದ್ರಿಸಿದ್ರಿ ಅವನ್ನ?"

"ಅವನ ಮನಿ ಮುಂದ. ನಿನ್ನೆ ಅಲ್ಲೀತನಾ ಕರಕೊಂಡ ಬಂದಿದ್ದೆ."

"ಹೂಂ, ನಿನ್ನೆ ನೋಡಿದೆ ನಾ. ಒಳಗ ಕಳಸಬೇಕಿತ್ತಿಲ್ರಿ? ಹೊರಗ ಯಾಕ ಬಿಟ್ರಿ?"

ಹುಚ್ಚಪ್ಪ ತನ್ನ ಎರಡೂ ಅಂಗೈಗಳನ್ನು ನೋಡಿಕೊಂಡ.

"ಬಾಗಲಾ ತೆಗಿಯೂ ಗುಂಡಿ ಯಾವುದಂತ ಗೊತ್ತಾಗಲಿಲ್ಲ. ಅದೊಂದ ಅಂವಾ ಕಲಿಸಿದ್ದಿಲ್ಲ."

"ಕೆಳಗಿನ ಹಳದಿ ಗುಂಡಿರಿ," ಎಂದಳು ಸುಕನ್ಯಾ. "ಅದನ್ನ ನನಗ ಕಲಿಸಿದ್ದ. ನನ್ನ ಕೇಳಬೇಕಿಲ್ಲ?"

ಹುಚ್ಚಪ್ಪ ಆಗ ಅತ್ತ. ಆಕೆ ಅವನ ಕೈ ಹಿಡಿದುಕೊಂಡು ಕೂತಳು. ನಾವು ಸದ್ದು ಮಾಡದೆ ಜೀಪಿನ ಕಡೆಗೆ ನಡೆದೆವು.