ಮೂರು ವಿಶ್ವ, ಒಂದು ಕ್ಯಾಲೆಂಡರ್

"ನಿಮ್ಮ ರಾಣಿ ಮದುವೆಯಾದ ನಾಲ್ಕನೇ ತಿಂಗಳಿಗೇ ಹೆತ್ತಿದ್ದಾಳೆ!"

ಅವಳು ಕರಡಿನ ಹಾಳೆಯನ್ನು ಅವನ ಮೇಜಿನ ಮೇಲಿಟ್ಟಳು. ಇಟ್ಟಳು ಅನ್ನುವುದಕ್ಕಿಂತ ಬಡಿದಳು ಎನ್ನಬೇಕು.

ಅವನು ಕನ್ನಡಕ ಸರಿಪಡಿಸಿಕೊಂಡ. "ಅದು ಎರಡನೇ ವಿಶ್ವ ಮೇಡಂ. ಅಲ್ಲಿನ ತಿಂಗಳು ನಮ್ಮ ಥರ ಅಲ್ಲ. ತಿಂಗಳಿಗೆ ಇಪ್ಪತ್ತೇ ದಿನ."

"ಹಾಗಾದ್ರೆ ಇನ್ನೂ ಬೇಗ ಆಯ್ತಲ್ಲ ಸರ್!"

ಹಿಂದಿನ ಮೇಜಿನಲ್ಲಿ ಯಾರೋ ಕಿಸಕ್ಕೆಂದರು. ಅವನು ಹಾಳೆಯನ್ನು ಹತ್ತಿರಕ್ಕೆಳೆದುಕೊಂಡ. ಕಿವಿ ಕೆಂಪಾಯಿತು.

ಆ ಪ್ರಕಾಶನ ಸಂಸ್ಥೆಗೆ ಅವನು ಬಂದು ಅಂದಿಗೆ ಮೂರು ದಿನ. ಮೂವರು ಲೇಖಕರು ಸೇರಿ ಒಂದು ಕಾದಂಬರಿ ಮಾಲೆ ಬರೆಯುತ್ತಿದ್ದರು, ಒಬ್ಬೊಬ್ಬರಿಗೆ ಒಂದೊಂದು ವಿಶ್ವ. ತಾರೀಖುಗಳು ಹೊಂದದೆ ಒಬ್ಬರು ಕೊಂದ ಪಾತ್ರ ಇನ್ನೊಬ್ಬರ ಅಧ್ಯಾಯದಲ್ಲಿ ಊಟಕ್ಕೆ ಕೂತಿರುತ್ತಿತ್ತು. ಮೂರಕ್ಕೂ ಸೇರಿ ಒಂದು ಕ್ಯಾಲೆಂಡರ್ ಕಟ್ಟಲೆಂದು ಸಂಪಾದಕಿ ಅವನನ್ನು ಕರೆಸಿದ್ದರು. ಮೊದಲು ಶಾಲೆಯಲ್ಲಿ ಲೆಕ್ಕದ ಮೇಷ್ಟ್ರಾಗಿದ್ದವನು. ಕಚೇರಿಯವರು ಅವನಿಗೆ ಆಗಲೇ 'ತಾರೀಖು' ಎಂದು ಹೆಸರಿಟ್ಟಾಗಿತ್ತು.

ಅವಳು ಅಲ್ಲಿ ಒಂಬತ್ತು ವರ್ಷದಿಂದ ಕರಡು ತಿದ್ದುವವಳು. ಅವಳ ಕಣ್ಣು ತಪ್ಪಿಸಿ ಒಂದು ಅಲ್ಪವಿರಾಮವೂ ಅಚ್ಚಿಗೆ ಹೋಗುವಂತಿರಲಿಲ್ಲ.

ಮರುದಿನ ಅವನೇ ಅವಳ ಮೇಜಿನ ಬಳಿ ಬಂದ. "ರಾಣಿ ಹೆರಿಗೆ ಮುಂದೂಡಿದೀನಿ. ಈಗ ಸರಿಯಾ ನೋಡಿ."

"ಹದಿನಾಲ್ಕು ತಿಂಗಳು... ಇನ್ನೂರೆಂಬತ್ತು ದಿನ. ಈಗ ಯಾರೂ ಬೆರಳೆಣಿಸಲ್ಲ ಬಿಡಿ."

ಅವನು ನಕ್ಕ. ಆ ನಗು ಇಷ್ಟವಾಯಿತಲ್ಲ ಎಂದು ಅವಳಿಗೆ ತನ್ನ ಮೇಲೇ ಸಿಟ್ಟು ಬಂತು!

ಅಂದಿನಿಂದ ಮಧ್ಯಾಹ್ನ ಮೂರಕ್ಕೆ ಇಬ್ಬರೂ ಒಟ್ಟಿಗೆ ಕೂರುತ್ತಿದ್ದರು. ಅವಳು ತಾರೀಖು ಓದುವುದು, ಅವನು ತಾಳೆ ನೋಡುವುದು. ಮೊದಲನೇ ವಿಶ್ವದ ವರ್ಷಕ್ಕೆ ಮುನ್ನೂರ ಅರವತ್ತು ದಿನ, ಎರಡನೆಯದಕ್ಕೆ ಇನ್ನೂರ ಅರವತ್ತು, ಮೂರನೆಯದಕ್ಕೆ ನೂರ ಎಂಬತ್ತು. ಮೂರಕ್ಕೂ ಹೊಸ ವರ್ಷ ಒಂದೇ ದಿನ ಬರುವುದು, ಮೊದಲನೇ ವಿಶ್ವದ ಎಣಿಕೆಯಲ್ಲಿ, ಹದಿಮೂರು ವರ್ಷಕ್ಕೊಮ್ಮೆ. ಅವನು ಅದನ್ನು 'ಕೂಡುದಿನ' ಎಂದು ಕರೆದ. ಅಂದು ಮಾತ್ರ ವಿಶ್ವಗಳ ನಡುವಿನ ಬಾಗಿಲು ತೆರೆಯುತ್ತದೆ. ಕಥೆಯ ಗಂಡ ಹೆಂಡತಿ ಬಾಗಿಲಿನ ಆಚೆಗೊಬ್ಬರು ಈಚೆಗೊಬ್ಬರು ಸಿಕ್ಕಿಕೊಂಡು ಆ ದಿನಕ್ಕೆ ಕಾಯುತ್ತಾರೆ. ಇಡೀ ಮಾಲೆ ನಿಂತಿದ್ದೇ ಆ ಕಾಯುವಿಕೆಯ ಮೇಲೆ.

ಅವನು ಕಿತ್ತಳೆ ಸುಲಿದರೆ ಅರ್ಧ ತೊಳೆಗಳು ಸದ್ದಿಲ್ಲದೆ ಅವಳ ಕಡೆ ಸರಿಯುತ್ತಿದ್ದವು.

'ಈ ಮನುಷ್ಯ ಬಾಯಿಬಿಟ್ಟು ಏನೂ ಹೇಳೋದೇ ಇಲ್ವಾ...'

ಮನೆಯಲ್ಲಿ ಅಕ್ಕ ಗದರಿದಳು. "ಲೇ, ಯಾವ ವಿಶ್ವದಲ್ಲಿದ್ದೀಯಾ? ಹಾಲು ಉಕ್ಕಿ ಒಲೆಯೆಲ್ಲಾ ಹರಿದಿದೆ!"

ಎರಡನೇ ಸಂಪುಟ ಅಚ್ಚಿಗೆ ಹೋಗುವ ವಾರ ಅವನ ತಾಯಿ ಮೆಟ್ಟಿಲಿನಿಂದ ಬಿದ್ದು ಸೊಂಟ ಮುರಿದುಕೊಂಡರು. ಅವನು ರಜೆ ಹಾಕಿ ಊರಿಗೆ ಓಡಿದ.

ಪುಸ್ತಕ ಬಂತು. ನಾಲ್ಕೇ ದಿನಕ್ಕೆ ಓದುಗರ ಪತ್ರಗಳೂ ಬಂದವು. ಕೊನೆಯಲ್ಲಿದ್ದ ಕ್ಯಾಲೆಂಡರ್ ಪಟ್ಟಿಯಲ್ಲಿ ಕೂಡುದಿನ ಹನ್ನೆರಡನೇ ವರ್ಷಕ್ಕೇ ಬಂದಿತ್ತು! ಕಥೆ ಆ ವರ್ಷವನ್ನು ದಾಟಿಯಾಗಿದೆ, ಹಾಗಾದರೆ ಬಾಗಿಲು ಆಗಲೇ ತೆರೆದಿದೆ, ಆ ಗಂಡ ಹೆಂಡತಿ ಇನ್ನೂ ಏಕೆ ಅಳುತ್ತಿದ್ದಾರೆ ಎಂದು ಓದುಗರು ಕೇಳಿದ್ದರು.

ಪುಸ್ತಕಗಳನ್ನು ಅಂಗಡಿಗಳಿಂದ ವಾಪಸ್ ತರಿಸಬೇಕಾಯಿತು.

"ಕೊನೇ ಕರಡಿಗೆ ಸಹಿ ನಿನ್ನದಲ್ವಾ?" ಸಂಪಾದಕಿ ಕೇಳಿದರು.

"ನಾನು ನೋಡಿದಾಗ ಹದಿಮೂರೇ ಇತ್ತು ಮೇಡಂ."

"ಎಲ್ಲರೂ ಹೇಳೋದು ಅದನ್ನೇ ಅಲ್ವಾ."

ಒಂಬತ್ತು ವರ್ಷದಲ್ಲಿ ಮೊದಲ ಬಾರಿಗೆ ಅವಳ ಕೈಯಿಂದ ಕೆಲಸ ಕಿತ್ತುಕೊಂಡರು. ಮೂರನೇ ಸಂಪುಟ ಬೇರೆಯವರ ಪಾಲಾಯಿತು. ಅವಳಿಗೆ ಮಹಡಿಯ ಮೇಲೆ ಹಳೆಯ ಪುಸ್ತಕಗಳಿಗೆ ಪದಸೂಚಿ ಮಾಡುವ ಕೆಲಸ.

ತನ್ನ ಸಹಿಯ ಬಳಿಕ ಪಟ್ಟಿಯನ್ನು ಮುಟ್ಟಬಲ್ಲವನು ಒಬ್ಬನೇ...

'ತಾನು ತಪ್ಪು ಮಾಡಿ ನನ್ನ ತಲೆಗೆ ಕಟ್ಟಿ ಹೋದನಲ್ಲ!'

ಅವನ ಫೋನು ಏಳು ಬಾರಿ ಬಂತು. ಏಳೂ ಬಾರಿ ಕತ್ತರಿಸಿದಳು.

"ಕೇಳಿ ನೋಡೇ ಒಂದ್ಸಲ," ಎಂದಳು ಅಕ್ಕ.

"ಕೇಳೋಕೆ ಏನಿದೆ ಅಕ್ಕಾ?" ಎಂದವಳು ತಟ್ಟೆ ಹಾಗೇ ಬಿಟ್ಟು ಎದ್ದಳು.

ಎರಡು ವಾರದ ಬಳಿಕ ಸೋಮವಾರದ ಸಭೆಗೆ ಅವಳನ್ನೂ ಕರೆದರು. ಮೂವರು ಲೇಖಕರೂ ಇದ್ದರು. ಅವನೂ ಇದ್ದ. ಗಡ್ಡ ಬೆಳೆದಿತ್ತು, ಅಂಗಿ ಮುದುಡಿತ್ತು.

ಅವನು ಎದ್ದು ನಿಂತ.

"ತಪ್ಪು ನನ್ನದು. ಇವರು ಸಹಿ ಹಾಕಿದ ಮೇಲೆ ಒಂದು ಸಾಲು ಹಾಳೆಯಿಂದ ಹೊರಗೆ ಹೋಗ್ತಿದೆ ಅಂತ ಅಚ್ಚಿನವರು ಫೋನ್ ಮಾಡಿದ್ರು. ಅಮ್ಮನ್ನ ಆಪರೇಷನ್‌ಗೆ ಒಳಗೆ ಕರ್ಕೊಂಡು ಹೋಗಿದ್ರು. ಆಸ್ಪತ್ರೆ ಬೆಂಚಲ್ಲಿ ಕೂತು ನಾನೇ ಆ ಸಾಲು ಮತ್ತೆ ಬರೆದು ಕಳಿಸ್ದೆ, ಇವರಿಗೆ ತೋರಿಸಲಿಲ್ಲ. ಕೈ ತಪ್ಪಿ ಹನ್ನೆರಡು ಅಂತ ಬಿತ್ತು. ಪುಸ್ತಕ ನೋಡಿದ್ದು ನಿನ್ನೆ. ಶಿಕ್ಷೆ ನನಗೆ ಕೊಡಿ."

ಸಂಪಾದಕಿ ಅವಳ ಕಡೆ ತಿರುಗಿದರು. "ನಾನು ವಿಚಾರಿಸಬೇಕಿತ್ತು ಕಣಮ್ಮ. ಮೂರನೇ ಸಂಪುಟ ನಿಂದೇ." ಅವನಿಗೆ ಎಚ್ಚರಿಕೆ ಪತ್ರ ಸಿಕ್ಕಿತು. ತಿದ್ದುವವಳ ಸಹಿಯಾದ ಮೇಲೆ ಯಾರೂ ಒಂದಕ್ಷರವನ್ನೂ ಮುಟ್ಟಬಾರದೆಂಬ ನಿಯಮವೂ ಬಂತು.

ಸಂಜೆ ಬಸ್ ನಿಲ್ದಾಣದಲ್ಲಿ ಅವನು ಸ್ವಲ್ಪ ದೂರದಲ್ಲಿ ಬಂದು ನಿಂತ. ಅವಳೇ ಹತ್ತಿರ ಹೋದಳು.

"ಎರಡು ವಾರ ಆ ಕಚೇರಿಯಲ್ಲಿ ತಲೆ ಎತ್ತಿ ನಡೀಲಿಲ್ಲ ನಾನು."

"ಗೊತ್ತು. ಕ್ಷಮಿಸಿ ಅಂದ್ರೆ ಸಾಲಲ್ಲ."

"ಸಾಲಲ್ಲ. ಆದ್ರೆ... ಒಂದು ಸಲ ಫೋನ್ ಎತ್ತಿದ್ರೆ ಅವತ್ತೇ ಮುಗೀತಿತ್ತು. ನಿಮ್ಮನ್ನ ಮೋಸಗಾರ ಅಂತ ನಾನೇ ತೀರ್ಮಾನ ಮಾಡ್ಬಿಟ್ಟೆ. ನಿಮ್ಮಮ್ಮ ಹೇಗಿದಾರೆ ಅಂತಲೂ ಕೇಳಲಿಲ್ಲ. ಯಾಕೆ ಫೋನ್ ಮಾಡ್ತಿದ್ರಿ ಅಷ್ಟೊಂದು ಸಲ?"

"ಪುಸ್ತಕದ ವಿಷಯ ನನಗೆ ಗೊತ್ತೇ ಇರಲಿಲ್ಲ. ಆಪರೇಷನ್ ಆಗಿ ಎಷ್ಟು ದಿನ ಆದ್ರೂ ಅಮ್ಮ ಎದ್ದು ನಿಲ್ತಿರಲಿಲ್ಲ, ಭಯ ಆಗ್ತಿತ್ತು. ಯಾರ ಹತ್ರ ಮಾತಾಡ್ಲಿ ಅಂದ್ಕೊಂಡಾಗ ನೀವೊಬ್ಬರೇ ನೆನಪಾದ್ರಿ. ಈಗ ನಡೀತಿದಾರೆ. ಮೇಡಂ, ನನಗೆ ನೀವಂದ್ರೆ ತುಂಬಾ ಇಷ್ಟ."

ಅವಳ ಕಣ್ಣು ತುಂಬಿತು. ಒರೆಸಿಕೊಳ್ಳಲೂ ಹೋಗಲಿಲ್ಲ.

"ಇಷ್ಟ ಅಂತ ಹೇಳುವಾಗಲೂ ಮೇಡಂ ಅಂತೀರಲ್ಲ!"

"ಮತ್ತೆ... ಏನಂತ ಕರೀಲಿ?"

"ನೀನು ಅನ್ನಿ."

"ನೀನು..." ಅವನಿಗೆ ನಾಚಿಕೆಯಾಯಿತು. "ನೀನೂ ಹಾಗೇ ಅನ್ನಬೇಕು."

ಬಸ್ಸು ಬಂದು ನಿಂತಿತು. ಅವಳು ಮೆಟ್ಟಿಲು ಹತ್ತಿ ಹಿಂದಿರುಗಿ ನೋಡಿದಳು.

"ಬಾರೋ," ಎಂದಳು. "ಅಕ್ಕ ಮನೇಲೇ ಇದಾಳೆ. ಇವತ್ತೇ ಹೇಳಿಬಿಡೋಣ."