ಅರಿಶಿನ ತೊಳೆದ ಅಂಗಿ

"ಗೂಳಿ ಮೇಲಿಂದ ಬಿದ್ರಾ?!"

"ಬಿದ್ದಿಲ್ಲ... ಅದೇ ಎಸೀತು," ಎಂದ ದೇವ್, ಭುಜ ಹಿಡಿದುಕೊಂಡು ನಗುತ್ತಾ.

ಕೆನಡಾದ ಬರ್ಲಿಂಗ್ಟನ್ನಿನ ಫಿಸಿಯೋ ಕ್ಲಿನಿಕ್ಕಿನಲ್ಲಿ ಸಾಹಿತ್ಯ ಎಷ್ಟೋ ಭುಜಗಳನ್ನು ಸರಿಮಾಡಿದ್ದಳು. ಆದರೆ ಕೌಬಾಯ್ ಟೋಪಿ ಹಾಕಿಕೊಂಡು ಕನ್ನಡ ಮಾತಾಡುವ, ರೋಡಿಯೋ ಪಂದ್ಯದ ಗೂಳಿ ಸವಾರ? ಇದೇ ಮೊದಲು! ಭುಜ ಆರು ವಾರದಲ್ಲಿ ವಾಸಿಯಾಯಿತು. ಈ ಮೈಸೂರಿನ ಹುಡುಗಿಯ ಮನಸ್ಸು ಮಾತ್ರ ಅವನ ಹಿಂದೆಯೇ ಹೋಯಿತು.

ವರ್ಷ ಕಳೆಯಿತು. ಶನಿವಾರ ಅವನ ಫೈನಲ್, ಭಾನುವಾರ ಇಬ್ಬರ ನಿಶ್ಚಿತಾರ್ಥ. ಫೈನಲ್ಲಿಗೆಂದು ಅವಳೊಂದು ನೀಲಿ ಅಂಗಿ ತಂದು, ಕಾಲರಿಗೆ ಅರಿಶಿನ ಹಚ್ಚಿ ಕೊಟ್ಟಳು. ಹೊಸ ಬಟ್ಟೆಗೆ ಅರಿಶಿನ ಹಚ್ಚದೆ ಹಾಕಿಕೊಳ್ಳುವುದುಂಟೇ?

ಶುಕ್ರವಾರ ಅವನ ಮನೆಗೆ ಹೋದರೆ, ಅಂಗಿ ಬೇಸ್‌ಮೆಂಟಿನಲ್ಲಿ ಒದ್ದೆಯಾಗಿ ನೇತಾಡುತ್ತಿತ್ತು. ಅರಿಶಿನದ ಸುಳಿವೇ ಇಲ್ಲ!

"ತೊಳ್ದುಬಿಟ್ಯಾ?"

"ಸಾಹಿತ್ಯ, ಐ ಮೀನ್... ಅದು..."

"ನಾನು ಹಚ್ಚಿದ್ದು ಅಷ್ಟು ಭಾರ ಆಯ್ತಾ? ಹಾಗಾದ್ರೆ ಭಾನುವಾರ ಯಾಕೆ ಬೇಕು!"

ಉತ್ತರಕ್ಕೂ ಕಾಯದೆ ಹೊರಟುಬಂದಳು, ಫೋನ್ ಆಫ್ ಮಾಡಿದಳು. ಸಿಟ್ಟಿಗಿಂತ ಅಳುವೇ ಜಾಸ್ತಿ ಇತ್ತು.

ಮರುದಿನ ಬೆಳಿಗ್ಗೆ ಬಾಗಿಲಲ್ಲಿ ದೇವ್‌ನ ಅಮ್ಮ ರಜನಿ!

"ಪಂದ್ಯದ ಅರೀನಾದಲ್ಲಿ ಹಳದಿ ಹಾಕಿದ್ರೆ ಅಪಶಕುನ ಅಂತ ರೋಡಿಯೋದವರ ನಂಬಿಕೆ ಕಣಮ್ಮಾ. ಮೊದಲ ವರ್ಷ ನಾನೇ ಹಳದಿ ಸ್ವೆಟರ್ ಹೆಣೆದುಕೊಟ್ಟು ಮಗನ ಹತ್ರ ಬೈಸ್ಕೊಂಡಿದ್ದೆ!"

"ಅಯ್ಯೋ ಆಂಟಿ... ನಮಗೆ ಶುಭ, ಅವರಿಗೆ ಅಶುಭಾನಾ?"

"ನಡಿ, ಕಾರು ಹತ್ತು. ಅವನು ನಿನ್ನೆಯಿಂದ ಊಟ ಮಾಡಿಲ್ಲ."

ಕ್ಲೈನ್‌ಬರ್ಗ್ ಊರಿನಾಚೆಯ ಅರೀನಾ ತಲುಪುವಷ್ಟರಲ್ಲಿ ಗೂಳಿ ಬಿಡುವ ಗೇಟು ತೆರೆದೇಬಿಟ್ಟಿತು. ನೀಲಿ ಅಂಗಿಯ ದೇವ್, ಅವನ ಕೆಳಗೆ ಕುಣಿಯುವ ಕರಿ ಗೂಳಿ! ಎಂಟು ಸೆಕೆಂಡು ಬೀಳದೆ ಕೂತರೆ ಮಾತ್ರ ಸ್ಕೋರ್. ಆ ಎಂಟು ಸೆಕೆಂಡೂ ಸಾಹಿತ್ಯ ಉಸಿರಾಡಲಿಲ್ಲ.

ಎಂಟು ಸೆಕೆಂಡು ಮುಗಿದ ಗಂಟೆ ಹೊಡೆಯಿತು. ಜನ ಕೂಗಿದರು. ದೇವ್ ಗೂಳಿಯಿಂದ ಜಿಗಿದು, ಸ್ಕೋರ್ ಕೂಡ ನೋಡದೆ ಅವಳು ನಿಂತಿದ್ದ ಬೇಲಿಯ ಹತ್ತಿರ ಓಡಿಬಂದ.

"ಸಾರಿ. ಹೇಳ್ಬೇಕಿತ್ತು... ನಂಗೇ ನಾಚಿಕೆ ಆಯ್ತು. ಮುಂಚೆ ಈ ಶಕುನ ಎಲ್ಲ ನೋಡ್ತಾನೇ ಇರ್ಲಿಲ್ಲ, ಬಿದ್ರೆ ಬಿದ್ದೆ ಅಂತಿದ್ದೆ. ಈಗ ನಿನ್ ಹತ್ರ ವಾಪಸ್ ಬರ್ಬೇಕಲ್ಲ? ಸಣ್ಣಪುಟ್ಟದ್ದಕ್ಕೂ ಭಯ ಆಗುತ್ತೆ."

ಅವಳ ಕಣ್ಣು ತುಂಬಿ ಬಂತು. ಇಷ್ಟು ಪ್ರೀತಿಯನ್ನು ನಾನು ಏನೆಂದುಕೊಂಡುಬಿಟ್ಟೆ!

"ಭಯ ಆದಾಗ ನಂಗೆ ಹೇಳು ದೇವ್. ಬಚ್ಚಿಡ್ಬೇಡ."

"ಈಗ ಆಗ್ತಿದೆ."

"ಯಾಕೆ?"

"ನಾಳೆ ಬರ್ತೀಯಾ?"

"ಬರ್ದೇ ಇರ್ತೀನಾ, ಹುಚ್ಚಪ್ಪಾ!" ಎಂದು ಬೇಲಿಯಾಚೆಯಿಂದಲೇ ಅವನನ್ನು ತಬ್ಬಿಕೊಂಡಳು. "ಮೊದಲು ಊಟ ಮಾಡು, ನಡಿ."